ಸೈಬರ್ ಖದೀಮರು ಎಂಬ ಅನುಕೂಲದ ಮಾತು

ನಮ್ಮ ಪತ್ರಿಕೆಗಳ ಜಿಲ್ಲಾ ಪುಟದಲ್ಲಿ ಈಗ ಮಳೆ-ಬೆಳೆ ಸುದ್ದಿ ತಪ್ಪಿದರೂ ‘ಸೈಬರ್ ಖದೀಮರು’ ತಪ್ಪುವುದಿಲ್ಲ. ಅವರು ನಿವೃತ್ತ ಶಿಕ್ಷಕರಿಗೆ ಪಂಗನಾಮ ಹಾಕುತ್ತಾರೆ, ಟೆಕ್ಕಿಗೆ ಟೋಪಿ ತೊಡಿಸುತ್ತಾರೆ, ವೈದ್ಯರ ಖಾತೆಯಿಂದ ಲಕ್ಷಗಟ್ಟಲೆ ಎಗರಿಸುತ್ತಾರೆ, ಒಮ್ಮೊಮ್ಮೆ ‘ಗುಳುಂ’ ಮಾಡುತ್ತಾರೆ. ಟಿ.ವಿ.ಯಲ್ಲಾದರೆ ತಲೆಯ ಮೇಲೆ ಮುಸುಕು ಎಳೆದುಕೊಂಡ ಮುಖವಿಲ್ಲದ ಒಬ್ಬ ಮನುಷ್ಯ, ಅವನ ಹಿಂದೆ ಸುರಿಯುವ ಹಸಿರು ಅಂಕಿಗಳು. ನನಗೆ ಈ ಪದದ ಮೇಲೆ ಒಂದು ತಕರಾರು ಇದೆ. ಕೆಟ್ಟ ಪದವೆಂದಲ್ಲ, ಬಹಳ ರುಚಿಯಾದ ಪದ. ಆ ರುಚಿಯೇ ನನ್ನ ತಕರಾರು.

ಖದೀಮ ಅರಬ್ಬಿ ಮೂಲದ ಮಾತು. ಅಲ್ಲಿ ಅದಕ್ಕೆ ಹಳೆಯದು, ಬಹುಕಾಲದಿಂದ ಇರುವುದು ಎಂದಷ್ಟೇ ಅರ್ಥ. ಕಳ್ಳತನಕ್ಕೂ ಅದಕ್ಕೂ ನಂಟಿಲ್ಲ. ಕನ್ನಡದಲ್ಲಿ ಅದು ಕಳ್ಳನ ಜೊತೆ ಸೇರಿಕೊಂಡು ‘ಖದೀಮ ಕಳ್ಳ’ ಆಯಿತು. ಕಸುಬಿನಲ್ಲಿ ಪಳಗಿದವನು, ನಾಲ್ಕು ಊರಿನ ನೀರು ಕುಡಿದವನು ಎಂಬ ಅರ್ಥ. ಹೋಗುತ್ತಾ ಹೋಗುತ್ತಾ ಕಳ್ಳ ಉದುರಿ ಖದೀಮನೊಬ್ಬನೇ ಉಳಿದುಕೊಂಡ. ಈಗಲೂ ಆ ಮಾತಿನಲ್ಲಿ ಬೈಗುಳದಷ್ಟೇ ಮೆಚ್ಚುಗೆಯೂ ಇದೆ. ಬೆಲ್ಲದ ಡಬ್ಬಿಗೆ ಕೈ ಹಾಕಿ ಸಿಕ್ಕಿಬಿದ್ದ ಮೊಮ್ಮಗನನ್ನು ಅಜ್ಜಿ ‘ಬಲು ಖದೀಮ ಇವನು’ ಎನ್ನುವಾಗ ಅವಳ ಮುಖದಲ್ಲಿ ಕೋಪ ಇರುವುದಿಲ್ಲ.

ವಂಚನೆಯ ಬಗ್ಗೆ ಕನ್ನಡದಲ್ಲಿ ಇರುವ ಮಾತುಗಳೆಲ್ಲ ಹೆಚ್ಚುಕಡಿಮೆ ಹೀಗೆಯೇ ನಗುತ್ತವೆ. ಟೋಪಿ ಹಾಕುವುದು, ಮೂರು ನಾಮ ಎಳೆಯುವುದು, ಚಳ್ಳೆಹಣ್ಣು ತಿನ್ನಿಸುವುದು, ಕೈಚಳಕ ತೋರಿಸುವುದು. ಈ ಮಾತುಗಳು ಬೆಳೆದದ್ದು ಜಾತ್ರೆ, ಸಂತೆ, ಬಸ್ ನಿಲ್ದಾಣಗಳಲ್ಲಿ. ನಿಧಿ ಸಿಕ್ಕಿದೆ ಎಂದು ಹಿತ್ತಾಳೆಯ ನಾಣ್ಯ ಮಾರುವವನು, ಒಡವೆಗೆ ಪಾಲಿಶ್ ಹಾಕಿಕೊಡುವ ನೆಪದಲ್ಲಿ ಚಿನ್ನ ಕರಗಿಸಿಕೊಂಡು ಹೋಗುವವನು, ಎರಡು ತಲೆಯ ಹಾವಿಗೆ ಕೋಟಿ ಬೆಲೆ ಇದೆ ಎನ್ನುವವನು, ಇವರ ಕಾಲದ ಮಾತುಗಳು ಅವು. ಆ ವಂಚನೆಗಳಲ್ಲಿ ಮೋಸ ಹೋದವನ ಆಸೆಯೂ ಅರ್ಧ ಪಾಲುದಾರ. ಕಾಲು ಬೆಲೆಗೆ ಚಿನ್ನ ಕೊಳ್ಳಲು ಹೋದವನಿಗೆ ಹಿತ್ತಾಳೆ ಸಿಕ್ಕಿದರೆ ಊರು ನಕ್ಕಿತು. ಭಾಷೆ ಆ ನಗುವನ್ನು ಉಳಿಸಿಕೊಂಡಿತು. ಆದರೆ ಈಗಿನ ‘ಡಿಜಿಟಲ್ ಅರೆಸ್ಟ್’ನಲ್ಲಿ, ಅಂದರೆ ಪೊಲೀಸರ ಸೋಗಿನಲ್ಲಿ ವಿಡಿಯೊ ಕರೆ ಮಾಡಿ ನೀವು ಬಂಧನದಲ್ಲಿದ್ದೀರಿ ಎಂದು ಹೆದರಿಸಿ ಹಣ ಕೀಳುವುದರಲ್ಲಿ, ಆಸೆಗೆ ಜಾಗವೇ ಇಲ್ಲ. ಅಲ್ಲಿ ಬಳಕೆಯಾಗುವುದು ಭಯ, ಅದಕ್ಕಿಂತ ಹೆಚ್ಚಾಗಿ ಕಾನೂನಿನ ಮೇಲಿರುವ ವಿಧೇಯತೆ. ಪೊಲೀಸ್ ಎಂದರೆ ಎದ್ದು ನಿಲ್ಲುವವರು, ತೆರಿಗೆ ನೋಟಿಸ್ ಬಂದರೆ ರಾತ್ರಿ ನಿದ್ದೆ ಬಾರದವರು ಅದಕ್ಕೆ ಸಿಗುತ್ತಾರೆ. 2024ರ ಕೊನೆಯಲ್ಲಿ ಬೆಂಗಳೂರಿನ ಸಾಫ್ಟ್‌ವೇರ್ ಎಂಜಿನಿಯರ್ ಒಬ್ಬರಿಂದ ₹11.8 ಕೋಟಿ ಹೀಗೆ ಹೋಯಿತು. ಇದನ್ನೂ ‘ಪಂಗನಾಮ’ ಎಂದು ಕರೆದರೆ ನಗಬೇಕಾದವರು ಯಾರು?

ಡೆಸ್ಕಿನ ತರ್ಕ

ನಾನು ಕೆಲವು ವರ್ಷ ಒಂದು ಪತ್ರಿಕೆಯ ಜಿಲ್ಲಾ ಡೆಸ್ಕಿನಲ್ಲಿ ಉಪಸಂಪಾದಕನಾಗಿದ್ದೆ. ಅಲ್ಲಿಯ ಒಂದು ರಾತ್ರಿ ನೆನಪಿದೆ. ಪುಟ ಮುಗಿಸಿ ಕಳಿಸುವ ಹೊತ್ತು. ತಾಲ್ಲೂಕಿನ ವರದಿಗಾರ ಕೊನೆಯ ಗಳಿಗೆಯಲ್ಲಿ ಕೆವೈಸಿ ವಂಚನೆಯ ಒಂದು ಸುದ್ದಿ ಕಳಿಸಿದ್ದ. ನಾನು ‘ವಂಚಕರು’ ಎಂದು ಶೀರ್ಷಿಕೆ ಕೊಟ್ಟೆ. ನಮ್ಮ ಮುಖ್ಯ ಉಪಸಂಪಾದಕರು ಕನ್ನಡಕ ಹಣೆಗೇರಿಸಿ ನೋಡಿ, ಅದನ್ನು ಹೊಡೆದು ‘ಖದೀಮರು’ ಮಾಡಿದರು. ಎರಡಕ್ಕೂ ನಾಲ್ಕೇ ಅಕ್ಷರ, ಜಾಗದ ತೊಂದರೆಯೇನೂ ಇರಲಿಲ್ಲ. ಯಾಕೆ ಸರ್ ಎಂದು ಕೇಳಿದೆ. “ವಂಚಕರು ಎಂದರೆ ದೋಷಾರೋಪ ಪಟ್ಟಿ ಓದಿದ ಹಾಗೆ ಇರುತ್ತದೆ ಮಾರಾಯ. ಖದೀಮ ಎಂದರೆ ಓದುಗ ಒಂದು ಕ್ಷಣ ನಿಲ್ಲುತ್ತಾನೆ” ಎಂದರು. ಸ್ವಲ್ಪ ಹೊತ್ತಿನ ಮೇಲೆ ಚಹಾ ಕುಡಿಯುವಾಗ ಇನ್ನೊಂದು ಕಾರಣವನ್ನೂ ಸೇರಿಸಿದರು: “ಆರೋಪಿ ಎನ್ನಲು ಯಾರಾದರೂ ಸಿಕ್ಕಿರಬೇಕು. ಒಂದು ಕಂಪನಿಯ ಹೆಸರು ಬರೆದರೆ ನಾಳೆ ನೋಟಿಸ್ ಬರುತ್ತದೆ. ಖದೀಮರ ಸಂಘ ಅಂತ ಎಲ್ಲಿಯಾದರೂ ಇದೆಯೇ, ನೋಟಿಸ್ ಕಳಿಸಲು?”

ಹಾಸ್ಯಕ್ಕೆ ಹೇಳಿದ ಮಾತು. ಆದರೆ ಅದರಲ್ಲಿ ಕಸುಬಿನ ಗುಟ್ಟು ಇತ್ತು. ಖದೀಮರು ಎಂದು ಬರೆದ ತಕ್ಷಣ ವರದಿಗಾರನ ಹೊಣೆ ಮುಗಿಯುತ್ತದೆ. ಕರೆ ಬಂದ ಸಿಮ್ ಯಾರ ಹೆಸರಿನಲ್ಲಿತ್ತು, ಅದನ್ನು ಯಾವ ಅಂಗಡಿ ಮಾರಿತು, ಹಣ ಮೊದಲು ಇಳಿದ ಖಾತೆ ಯಾರದು, ಒಂದೇ ಮಧ್ಯಾಹ್ನದಲ್ಲಿ ಲಕ್ಷಾಂತರ ರೂಪಾಯಿ ಬಂದು ಹೋದರೂ ಆ ಶಾಖೆಯವರಿಗೆ ಏಕೆ ಅನುಮಾನ ಬರಲಿಲ್ಲ, ಈ ಪ್ರಶ್ನೆಗಳಿಗೆಲ್ಲ ಒಂದೊಂದು ವಿಳಾಸ ಇದೆ. ಖದೀಮನಿಗೆ ವಿಳಾಸವಿಲ್ಲ. ಅವನು ಸಿಡಿಲಿನ ಹಾಗೆ ಬಂದ, ಹೋದ.

“ಅಪರಿಚಿತನಲ್ಲ”

ನನ್ನ ಚಿಕ್ಕಮ್ಮ ಸರ್ಕಾರಿ ಕಚೇರಿಯೊಂದರಲ್ಲಿ ಮೂವತ್ತು ಚಿಲ್ಲರೆ ವರ್ಷ ಲೆಕ್ಕ ಬರೆದವರು. ಒಂದು ರೂಪಾಯಿ ವ್ಯತ್ಯಾಸ ಬಂದರೆ ಊಟ ಬಿಟ್ಟು ಹುಡುಕುವ ಹೆಂಗಸು. ಅವರ ಹೆಸರಿನ ಪಾರ್ಸಲ್‌ನಲ್ಲಿ ಮಾದಕ ವಸ್ತು ಸಿಕ್ಕಿದೆ ಎಂದು ಮೊದಲು ಒಬ್ಬ ಕರೆ ಮಾಡಿದ, ಅವನು ‘ಪೊಲೀಸ್’ಗೆ ಸಂಪರ್ಕ ಕೊಟ್ಟ, ಪೊಲೀಸ್ ‘ಸಿಬಿಐ’ಗೆ ಕೊಟ್ಟ. ಸಿಬಿಐನವನು ವಿಡಿಯೊ ಕರೆ ಕಡಿತವಾಗಬಾರದು ಎಂದ. ಚಿಕ್ಕಮ್ಮ ಮೊಬೈಲನ್ನು ಸಕ್ಕರೆ ಡಬ್ಬಿಗೆ ಒರಗಿಸಿಟ್ಟು, ಅವನಿಗೆ ಕಾಣುವ ಹಾಗೆ ಅನ್ನ ಮಾಡಿಕೊಂಡರು. ರಾತ್ರಿ ತಲೆದಿಂಬಿನ ಪಕ್ಕ ಚಾರ್ಜರ್ ಸಿಕ್ಕಿಸಿಟ್ಟು ಮಲಗಿದರು. ಅವನು ಬೆಳಿಗ್ಗೆ “ಬಿ.ಪಿ. ಮಾತ್ರೆ ತೆಗೆದುಕೊಂಡಿರಾ ಅಮ್ಮ?” ಎಂದು ಕೇಳಿದನಂತೆ. ಮೂರನೆಯ ದಿನ ನಿಶ್ಚಿತ ಠೇವಣಿ ಮುರಿಸಿ, ‘ಪರಿಶೀಲನೆಗಾಗಿ’ ಹಣವನ್ನು ಅವನು ಹೇಳಿದ ಖಾತೆಗೆ ಹಾಕಿದರು.

ಸೈಬರ್, ಆರ್ಥಿಕ, ಮಾದಕ ವಸ್ತು ಅಪರಾಧಗಳನ್ನು ನೋಡಿಕೊಳ್ಳುವ ಸಿಇಎನ್ ಪೊಲೀಸ್ ಠಾಣೆಗೆ ನಾನೂ ಜೊತೆಗೆ ಹೋಗಿದ್ದೆ. ಅಲ್ಲಿ ದೂರು ಟೈಪ್ ಮಾಡುತ್ತಿದ್ದ ಸಿಬ್ಬಂದಿ ಒಳ್ಳೆಯ ಮನುಷ್ಯ. ಚಿಕ್ಕಮ್ಮನಿಗೆ ಮೊದಲು ಕುರ್ಚಿ ತರಿಸಿ, ನೀರು ಕೊಟ್ಟು, ಆಮೇಲೆ ಬರೆಯಲು ಕೂತರು. ಆರೋಪಿಯ ಕಾಲಂಗೆ ಬಂದಾಗ ಕೇಳದೆಯೇ ‘ಯಾರೋ ಅಪರಿಚಿತ ವ್ಯಕ್ತಿಗಳು’ ಎಂದು ಹಾಕಿದರು. ಅದು ಪದ್ಧತಿ. ಪರದೆಯನ್ನೇ ನೋಡುತ್ತಿದ್ದ ಚಿಕ್ಕಮ್ಮ ತಡೆದರು. “ಅಪರಿಚಿತನಲ್ಲ. ಹಗಲೂ ರಾತ್ರಿ ಅವನ ಜೊತೆಗೇ ಇದ್ದೆನಲ್ಲ.” ಅವನ ಎಡ ಹುಬ್ಬಿನ ಮೇಲೊಂದು ಗಾಯದ ಗುರುತು ಇತ್ತು, ನೀರು ಕುಡಿಯುವಾಗ ಬಾಟಲಿಯನ್ನು ತುಟಿಗೆ ತಾಗಿಸುತ್ತಿರಲಿಲ್ಲ, ಎದುರಿಗೆ ಯಾವುದೋ ಕಾಗದ ಇಟ್ಟುಕೊಂಡು ಅದನ್ನು ನೋಡಿ ನೋಡಿ ಮಾತನಾಡುತ್ತಿದ್ದ, ಯಾರೋ ಹಿಂದಿನಿಂದ ಬಂದಾಗ ಬೆನ್ನು ನೆಟ್ಟಗೆ ಮಾಡುತ್ತಿದ್ದ ಎಂದೆಲ್ಲ ಹೇಳಿದರು. ಸಿಬ್ಬಂದಿ ಅಷ್ಟನ್ನೂ ಬರೆದುಕೊಂಡರು. ಕಾಲಂ ಮಾತ್ರ ಹಾಗೆಯೇ ಉಳಿಯಿತು.

ಎರಡು ದಿನ ಬಿಟ್ಟು ಪತ್ರಿಕೆಯಲ್ಲಿ ಬಂತು: ‘ಸೈಬರ್ ಖದೀಮರ ಬಲೆಗೆ ಬಿದ್ದ ನಿವೃತ್ತ ನೌಕರೆ’. ಹೆಸರಿರಲಿಲ್ಲ, ಆದರೆ ಬಡಾವಣೆಯ ಹೆಸರಿತ್ತು, ಸಾಕಾಯಿತು. ಚಿಕ್ಕಮ್ಮ ಅದನ್ನು ಓದಿ, ಪತ್ರಿಕೆ ಮಡಚಿಡುತ್ತಾ, “ಬಿದ್ದೆ ಅಂತೆ. ನಾನು ಎಲ್ಲಿಗೆ ಹೋಗಿ ಬಿದ್ದೆ? ನಮ್ಮ ಮನೆಯ ಅಡುಗೆಮನೆಯಲ್ಲೇ ಇದ್ದೆ” ಎಂದರು.

ಆ ಮಾತು ಕೇಳಿದ ಮೇಲೆ ನಾನು ಕ್ರಿಯಾಪದಗಳನ್ನು ಗಮನಿಸತೊಡಗಿದೆ. ಮೋಸ ಹೋದರು. ಬಲೆಗೆ ಬಿದ್ದರು. ಹಣ ಕಳೆದುಕೊಂಡರು. ಕನ್ನಡದಲ್ಲಿ ಹೋಗುವವನು, ಬೀಳುವವನು, ಕಳೆದುಕೊಳ್ಳುವವನು ಎಲ್ಲ ಒಬ್ಬನೇ, ಹಣ ತೆತ್ತವನು. ‘ಕೊಳ್ಳು’ ಸೇರಿದ ಮೇಲಂತೂ ಅದು ಅವನು ತನಗೆ ತಾನೇ ಮಾಡಿಕೊಂಡ ಕೆಲಸವಾಗುತ್ತದೆ. ಮನೆಗೆ ಕನ್ನ ಹಾಕಿದರೆ ನಾವು ‘ಚಿನ್ನ ಕಳ್ಳತನವಾಗಿದೆ’ ಎನ್ನುತ್ತೇವೆ. ‘ಕನ್ನಕ್ಕೆ ಬಿದ್ದ ಗೃಹಿಣಿ’ ಎಂದು ಯಾರೂ ಬರೆಯುವುದಿಲ್ಲ. ಹೀಗೆ ಒಂದು ಕಡೆ ಕರ್ತೃವಿಗೆ ಖದೀಮನೆಂಬ ಮುಸುಕು, ಇನ್ನೊಂದು ಕಡೆ ಕ್ರಿಯೆಯೆಲ್ಲ ಸಂತ್ರಸ್ತರ ಕೊರಳಿಗೆ. ಇದು ನಮ್ಮ ಭಾಷೆಯೊಂದರದೇ ರೋಗವಲ್ಲ. ಪ್ರೀತಿ, ಸ್ನೇಹ ಬೆಳೆಸಿ ನಕಲಿ ಹೂಡಿಕೆಗೆ ಹಣ ಹಾಕಿಸುವ ದಂಧೆಗೆ ಚೀನಾದ ವಂಚಕರೇ ಇಟ್ಟುಕೊಂಡ ಹೆಸರಿನ ಅರ್ಥ ಹಂದಿಯನ್ನು ಕೊಬ್ಬಿಸಿ ಕಡಿಯುವುದು ಎಂದು. ಕೊಬ್ಬಿದ ಹಂದಿ ಎಂದರೆ ಹಣ ಕೊಟ್ಟವರು. ಜಗತ್ತಿನ ಪತ್ರಿಕೆಗಳೆಲ್ಲ ವರ್ಷಗಟ್ಟಲೆ ಆ ಹೆಸರನ್ನು ಹಾಗೆಯೇ ಬಳಸಿದವು. ಹಣ ಕಳೆದುಕೊಂಡವರಿಗೆ ಇದು ಅವಮಾನ, ದೂರು ಕೊಡಲು ಮುಂದೆ ಬರುವವರೂ ಹಿಂಜರಿಯುತ್ತಾರೆ, ಆ ಮಾತನ್ನು ಬಿಡಿ ಎಂದು ಇಂಟರ್‌ಪೋಲ್ ಕೇಳಿಕೊಂಡದ್ದು 2024ರ ಡಿಸೆಂಬರ್‌ನಲ್ಲಿ. (ನೋಡಿ, ಇದನ್ನೆಲ್ಲ ಬರೆದ ನಾನೂ ‘ಕಳೆದುಕೊಂಡವರು’ ಎಂದೇ ಬರೆದೆ. ಬೇರೆ ಕ್ರಿಯಾಪದ ಕೈಗೆ ಬರುವುದಿಲ್ಲ.)

ಗುಂಪಿಗೆ ಹೆಸರಿಟ್ಟ ಚರಿತ್ರೆ

ಅಪರಾಧಿಗಳ ಗುಂಪಿಗೆ ಹೆಸರಿಡುವ ವಿಷಯದಲ್ಲಿ ನಮ್ಮ ನೆಲಕ್ಕೆ ಹಳೆಯ ಅನುಭವವಿದೆ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಬ್ರಿಟಿಷರು ಬೆಂಗಳೂರಿನ ಸುತ್ತಮುತ್ತ ಸುಮಾರು ನೂರು ಮಂದಿಯನ್ನು ಹಿಡಿದರು. ದಾರಿಹೋಕರ ಕುತ್ತಿಗೆಗೆ ಕುಣಿಕೆ ಹಾಕಿ ಕೊಲ್ಲುವವರು ಎಂಬ ಅರ್ಥದಲ್ಲಿ ಅವರನ್ನು ‘ಫಾಸಿಗಾರ’ರೆಂದು ಕರೆದರು. ಉತ್ತರದಲ್ಲಿ ಅದೇ ಬಗೆಯವರು ‘ಠಗ್’ ಆದರು, ನಮ್ಮ ‘ಠಕ್ಕ’ನ ಸೋದರ. 1836ರ ಕಾಯ್ದೆಯ ಹೊತ್ತಿಗೆ ಠಕ್ಕರ ಗುಂಪಿಗೆ ಸೇರಿದವನೆಂದು ಸಾಬೀತಾದರೆ ಸಾಕಾಗಿತ್ತು, ಅವನು ಇಂಥವರನ್ನೇ ಕೊಂದನೆಂದು ತೋರಿಸಬೇಕಿರಲಿಲ್ಲ. 1871ರ ಕಾಯ್ದೆಯಂತೂ ಇಡೀ ಬುಡಕಟ್ಟುಗಳನ್ನೇ ಹುಟ್ಟಿನಿಂದ ಅಪರಾಧಿಗಳೆಂದು ಪಟ್ಟಿ ಮಾಡಿತು. ಹುಬ್ಬಳ್ಳಿಯ ಸೆಟ್ಲ್‌ಮೆಂಟ್ ಪ್ರದೇಶಕ್ಕೆ ಆ ಹೆಸರು ಬಂದದ್ದು ಅಂಥವರನ್ನು ಕೂಡಿಹಾಕಿ ಹಾಜರಿ ಹಾಕಿಸಿದ ಕಾಲದಿಂದ. 1952ರಲ್ಲಿ ಆ ಪಟ್ಟಿ ರದ್ದಾಯಿತು. ಗಂಟಿಚೋರ್ ಎಂಬ ಸಮುದಾಯದ ಹೆಸರಿನೊಳಗಿನ ‘ಚೋರ್’ ಮಾತ್ರ ಮಕ್ಕಳ ಜಾತಿ ಪ್ರಮಾಣಪತ್ರದಲ್ಲಿ ಇವತ್ತಿಗೂ ಇದೆ.

ಈ ಕಾಲದ ಜಾಮತಾರಾಕ್ಕೆ ಆದದ್ದೂ ಇದೇ ಜಾತಿಯದು. 2001ರಲ್ಲಿ ದುಮ್ಕಾದಿಂದ ಬೇರೆಯಾದ ಜಾರ್ಖಂಡ್‌ನ ಆ ಸಣ್ಣ ಜಿಲ್ಲೆಯಲ್ಲಿ, ಬ್ಯಾಂಕಿನಿಂದ ಮಾತನಾಡುತ್ತಿದ್ದೇವೆ ಎಂದು ಕರೆ ಮಾಡಿ ಓಟಿಪಿ ಕೇಳುವ ಹುಡುಗರ ಗುಂಪುಗಳು ನಿಜವಾಗಿಯೂ ಇದ್ದವು. ಕರ್ನಾಟಕ ಪೊಲೀಸರೂ ಆ ದಾರಿ ತುಳಿದಿದ್ದಾರೆ. ಆದರೆ ಬರುಬರುತ್ತಾ ಊರಿನ ಹೆಸರೇ ಕಸುಬಿನ ಹೆಸರಾಯಿತು. ಹರಿಯಾಣದ ನೂಹ್‌ನಲ್ಲಿ ಅದೇ ನಡೆದರೆ ‘ಹೊಸ ಜಾಮತಾರಾ’. ಈಶ್ವರಚಂದ್ರ ವಿದ್ಯಾಸಾಗರರು ಕೊನೆಯ ವರ್ಷಗಳಲ್ಲಿ ಬಂದು ನೆಲೆಸಿ, ಶಾಲೆ ನಡೆಸಿ, ಸಂತಾಲರಿಗೆ ಹೋಮಿಯೋಪತಿ ಔಷಧ ಕೊಟ್ಟ ಕರ್ಮಾಟಾಡ್ ಇರುವುದು ಇದೇ ಜಿಲ್ಲೆಯಲ್ಲಿ; ಅಲ್ಲಿಯ ರೈಲು ನಿಲ್ದಾಣಕ್ಕೆ ಅವರದೇ ಹೆಸರಿದೆ. ಆ ಊರಿನ ಹುಡುಗ ಬೆಂಗಳೂರಿಗೆ ಬಂದು ಬಾಡಿಗೆಗೆ ಕೋಣೆ ಕೇಳಿದರೆ ಮನೆ ಮಾಲೀಕರು ಆಧಾರ್ ಕಾರ್ಡಿನ ವಿಳಾಸ ಓದಿ ಎರಡು ಸಲ ಯೋಚಿಸುವುದನ್ನು ನಾನು ಕಂಡಿದ್ದೇನೆ.

ಖದೀಮ ಎಂಬುದಕ್ಕೆ ಊರಿಲ್ಲ, ಜಾತಿಯಿಲ್ಲ ಎಂಬುದು ಅದರ ಪರವಾಗಿ ಹೇಳಬಹುದಾದ ದೊಡ್ಡ ಮಾತು. ಅದನ್ನು ಒಪ್ಪುತ್ತೇನೆ. ಜಾಮತಾರಾಕ್ಕಿಂತ ಖದೀಮ ವಾಸಿ.

ಪಾಳಿ, ಸಂಬಳ, ಬೀಗ

ಆದರೆ ಆ ಪದದ ಮುಸುಕಿನ ಒಳಗೆ ಇರುವವರು ಯಾರು? ಹಳೇ ಹುಲಿ ಎಂಬ ಅರ್ಥದ ಪದ ಅವರಿಗೆ ಎಷ್ಟು ಹೊಂದುತ್ತದೆ? ಕಂಪ್ಯೂಟರ್‌ಗಳಿಗೆ ಬೀಗ ಜಡಿದು ಒತ್ತೆಹಣ ಕೇಳುತ್ತಿದ್ದ ಕಾಂಟಿ ಎಂಬ ರಷ್ಯನ್ ಭಾಷಿಕರ ಗುಂಪಿನ ಒಳ ಸಂಭಾಷಣೆಗಳು 2022ರಲ್ಲಿ ಉಕ್ರೇನ್ ಯುದ್ಧ ಶುರುವಾದಾಗ ಸೋರಿಕೆಯಾದವು. ಓದಿದವರಿಗೆ ಕಂಡದ್ದು ಒಂದು ಸಾಧಾರಣ ಕಚೇರಿ. ನೇಮಕಾತಿ ವಿಭಾಗ, ತಿಂಗಳ ಸಂಬಳ, ರಜೆಯ ತಕರಾರು, ತಿಂಗಳ ಉತ್ತಮ ನೌಕರನಿಗೆ ಬಹುಮಾನ. ಕೆಲವು ನೌಕರರಿಗೆ ತಾವು ಯಾರಿಗೆ ಕೆಲಸ ಮಾಡುತ್ತಿದ್ದೇವೆ ಎಂಬುದೇ ಗೊತ್ತಿರಲಿಲ್ಲ.

ಆಗ್ನೇಯ ಏಷ್ಯಾದ್ದು ಇದಕ್ಕಿಂತ ಕಠೋರ. ಕಾಂಬೋಡಿಯಾದ ಸಿಹಾನೂಕ್‌ವಿಲ್, ಮ್ಯಾನ್ಮಾರ್‌ನ ಮ್ಯಾವಡ್ಡಿಯ ಕೆಕೆ ಪಾರ್ಕ್ ಇಂಥ ಕಡೆ ಗೋಡೆ, ಮುಳ್ಳುತಂತಿ, ಕಾವಲುಗಾರರ ನಡುವೆ ಸಾಲು ಸಾಲು ಮೇಜುಗಳು. ವಿಶ್ವಸಂಸ್ಥೆಯ ಮಾನವ ಹಕ್ಕುಗಳ ಕಚೇರಿ 2023ರ ಆಗಸ್ಟ್‌ನಲ್ಲಿ ಹೇಳಿದ ಪ್ರಕಾರ, ಮ್ಯಾನ್ಮಾರ್‌ನಲ್ಲಿ ಕನಿಷ್ಠ 1,20,000, ಕಾಂಬೋಡಿಯಾದಲ್ಲಿ ಸುಮಾರು 1,00,000 ಮಂದಿಯನ್ನು ಬಲವಂತದಿಂದ ಈ ಕೆಲಸಕ್ಕೆ ಹಚ್ಚಿರಬಹುದು. ಡೇಟಾ ಎಂಟ್ರಿ ಕೆಲಸ, ಕೈತುಂಬ ಸಂಬಳ ಎಂದು ನಂಬಿ ಹೋದವರು. ಇಳಿದ ತಕ್ಷಣ ಪಾಸ್‌ಪೋರ್ಟ್ ಕಿತ್ತುಕೊಳ್ಳುತ್ತಾರೆ, ಗುರಿ ಮುಟ್ಟದಿದ್ದರೆ ಹೊಡೆಯುತ್ತಾರೆ. ಕರ್ನಾಟಕದ ಹುಡುಗರೂ ಅಲ್ಲಿ ಸಿಕ್ಕಿಕೊಂಡ ಸುದ್ದಿ 2024ರಲ್ಲಿ ಬಂದಿತ್ತು. 2025ರ ಮಾರ್ಚ್‌ನಲ್ಲಿ ವಾಯುಪಡೆಯ ವಿಮಾನಗಳು ಥಾಯ್ಲೆಂಡ್‌ನ ಮೇ ಸೋಟ್‌ನಿಂದ 549 ಭಾರತೀಯರನ್ನು ಕರೆತಂದವು. ಆಗ ನಮ್ಮ ಪತ್ರಿಕೆಗಳು ಅವರನ್ನು ‘ಸೈಬರ್ ಗುಲಾಮರು’ ಎಂದವು. ಅದೇ ಮನುಷ್ಯ ಮ್ಯಾವಡ್ಡಿಯ ಮೇಜಿನ ಮುಂದೆ ಕೂತಿದ್ದಾಗ ಖದೀಮ, ವಿಮಾನ ಇಳಿದಾಗ ಗುಲಾಮ. ಚಿಕ್ಕಮ್ಮ ಕಂಡ, ಯಾರೋ ಬಂದಾಗ ಬೆನ್ನು ನೆಟ್ಟಗೆ ಮಾಡಿದ ಆ ಹುಬ್ಬುಗಾಯದವನು ಇವೆರಡರಲ್ಲಿ ಯಾವುದೋ ನಾನರಿಯೆ. ಚಿಕ್ಕಮ್ಮನಿಗೆ ಅವನ ಮೇಲೆ ಕನಿಕರವೇನೂ ಇಲ್ಲ, ಅದನ್ನೂ ಹೇಳಿಬಿಡಬೇಕು.

ಈ ವ್ಯವಸ್ಥೆಯ ಇನ್ನೊಂದು ತುದಿ ನಮ್ಮದೇ ಊರುಗಳಲ್ಲಿದೆ. ಎಲ್ಲಿ ಕೂತು ಕರೆ ಮಾಡಿದರೂ ಹಣ ಇಳಿಯಲು ಇಲ್ಲಿಯ ಬ್ಯಾಂಕ್ ಖಾತೆ ಬೇಕು. ಅದಕ್ಕೆ ‘ಮ್ಯೂಲ್ ಖಾತೆ’ ಎನ್ನುತ್ತಾರೆ. ಕಾಲೇಜು ಹುಡುಗರು, ಆಟೊ ಓಡಿಸುವವರು, ಸಾಲದಲ್ಲಿ ಸಿಕ್ಕಿದ ಸಣ್ಣ ಅಂಗಡಿಯವರು ಕೆಲವು ಸಾವಿರ ರೂಪಾಯಿಗೆ ಪಾಸ್‌ಬುಕ್, ಎಟಿಎಂ ಕಾರ್ಡ್, ಸಿಮ್ ಮೂರನ್ನೂ ಕಟ್ಟಿ ಕೊಟ್ಟುಬಿಡುತ್ತಾರೆ. 700ಕ್ಕೂ ಹೆಚ್ಚು ಬ್ಯಾಂಕ್ ಶಾಖೆಗಳಲ್ಲಿ ಇಂಥ ಸುಮಾರು 8.5 ಲಕ್ಷ ಖಾತೆಗಳು ಇವೆಯೆಂದು ಸಿಬಿಐ 2025ರ ಜೂನ್‌ನಲ್ಲಿ ಹೇಳಿತು. ಒಂದು ಖಾತೆಯಿಂದ ಹತ್ತಕ್ಕೆ, ಹತ್ತರಿಂದ ನೂರಕ್ಕೆ ಒಡೆದು, ಕೊನೆಗೆ ಕ್ರಿಪ್ಟೊ ಆಗಿ ಹಣ ಗಡಿ ದಾಟುತ್ತದೆ. ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಬೇಗ ಕರೆ ಮಾಡಿ ಎಂದು ಬಡಿದುಕೊಳ್ಳುವುದು ಇದಕ್ಕೇ. ಮೊದಲ ಒಂದೆರಡು ಖಾತೆಗಳಲ್ಲಿ ಇರುವಾಗಲೇ ತಡೆದರೆ ಉಂಟು, ಇಲ್ಲದಿದ್ದರೆ ಇಲ್ಲ. 2024ರ ಒಂದೇ ವರ್ಷದಲ್ಲಿ ದೇಶದಲ್ಲಿ ಹೀಗೆ ಹೋದ ಹಣ ₹22,845 ಕೋಟಿ ಎಂದು ಕೇಂದ್ರ ಗೃಹ ಸಚಿವಾಲಯ ಲೋಕಸಭೆಗೆ ತಿಳಿಸಿತು. ಅದರ ಹಿಂದಿನ ವರ್ಷ ಅದು ₹7,465 ಕೋಟಿ. ಪಳಗಿದ ನಾಲ್ಕು ಕಳ್ಳರು ಮಾಡುವ ಕೆಲಸದ ಗಾತ್ರವಲ್ಲ ಇದು.

ಹಾಗಾಗಿ ನನಗೆ ಪತ್ರಿಕೆಯ ಇನ್ನೊಂದು ಹಳೆಯ ಮಾತು, ‘ವಂಚನೆಯ ಜಾಲ’, ಎಷ್ಟೋ ಮೇಲು ಎನಿಸುತ್ತದೆ. ಅಂತರ್ಜಾಲವೂ ಜಾಲವೇ ಆದ್ದರಿಂದ ಸ್ವಲ್ಪ ಗೊಂದಲ, ಇರಲಿ. ಜಾಲ ಎಂದರೆ ಗಂಟುಗಳಿವೆ ಎಂದಾಯಿತು, ಒಂದೊಂದು ಗಂಟನ್ನೂ ಯಾರೋ ಒಬ್ಬರು ಹಾಕಿರುತ್ತಾರೆ ಎಂದೂ ಆಯಿತು. ಕಾನೂನು ಇದನ್ನು ನಮಗಿಂತ ಮೊದಲೇ ಗುರುತಿಸಿದೆ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 111ನೇ ಕಲಂ ಸಂಘಟಿತ ಅಪರಾಧಗಳ ಪಟ್ಟಿಯಲ್ಲಿ ಅಪಹರಣ, ಸುಲಿಗೆ, ಭೂಕಬಳಿಕೆಗಳ ಜೊತೆಗೇ ಸೈಬರ್ ಅಪರಾಧವನ್ನೂ ಸೇರಿಸಿದೆ. ಇಬ್ಬರು ಸೇರಿದರೂ ಅದರ ಲೆಕ್ಕದಲ್ಲಿ ಒಂದು ಕೂಟವಾಗಬಹುದು. ಅದಕ್ಕೆ ನೆರವಾದವರಿಗೂ ಕನಿಷ್ಠ ಐದು ವರ್ಷ ಶಿಕ್ಷೆ ಇದೆ.

ಮೊನ್ನೆ ಹಳೆಯ ಡೆಸ್ಕಿನ ಗೆಳೆಯನೊಬ್ಬ ಸಿಕ್ಕಿದ್ದ. ಅವನು ಈಗಲೂ ಅದೇ ಕೆಲಸದಲ್ಲಿದ್ದಾನೆ. ‘ಅಂತರರಾಜ್ಯ ಸೈಬರ್ ಖದೀಮರ ಬಂಧನ’ ಎಂಬ ಶೀರ್ಷಿಕೆಯ ಸುದ್ದಿಗಳ ಬಗ್ಗೆ ಮಾತು ಬಂತು. ಆ ಶೀರ್ಷಿಕೆಯ ಕೆಳಗೆ ಮೂರನೆಯ ಪ್ಯಾರಾಕ್ಕೆ ಹೋದರೆ ಹೆಚ್ಚಿನ ಸಲ ಸಿಗುವವರು ಖಾತೆ ಬಾಡಿಗೆಗೆ ಕೊಟ್ಟವರು, ಸಿಮ್ ಮಾರಿದವರು, ಕಮಿಷನ್ ಪಡೆದವರು. ಹಾಗಾದರೆ ಶೀರ್ಷಿಕೆಯಲ್ಲೇ ‘ಖಾತೆ ಬಾಡಿಗೆಗೆ ಕೊಟ್ಟ ಮೂವರ ಬಂಧನ’ ಎಂದು ಹಾಕಬಾರದೇ ಎಂದು ಕೇಳಿದೆ. ಓದುವವನಿಗೆ ತನ್ನ ಓಣಿಯ ಹುಡುಗರ ನೆನಪಾಗುತ್ತದೆ, ಮಗನ ಪಾಸ್‌ಬುಕ್ ಎಲ್ಲಿದೆ ಎಂದಾದರೂ ನೋಡುತ್ತಾನೆ. ಗೆಳೆಯ ಬೆರಳು ಮಡಚಿ ಅಕ್ಷರ ಎಣಿಸಿದ. ಎರಡು ಕಾಲಂ ಜಾಗ ಸಿಕ್ಕಿದರೆ ಹಾಕಬಹುದು, ಒಂದು ಕಾಲಂಗೆ ಉದ್ದವಾಯಿತು ಎಂದ.